ಕಾಣದ ತೂಬು

ಹಿರಿಯೂರು ತಾಲ್ಲೂಕಿನ ಆದಿವಾಲದಲ್ಲಿ ನಿವೃತ್ತ ಉಪಾಧ್ಯಾಯರೊಬ್ಬರಿದ್ದಾರೆ. ಊರಿಗೆಲ್ಲ ಅವರು 'ಮೇಷ್ಟ್ರು'. ಹೆಸರು ಹಿಡಿದು ಕೇಳಿದರೆ ಮನೆ ತೋರಿಸುವುದಕ್ಕೆ ಊರವರು ಒಂದು ಗಳಿಗೆ ಯೋಚಿಸಬೇಕಾದೀತು. ಊರ ಮಗ್ಗುಲಲ್ಲಿ ಹೆದ್ದಾರಿ. ಹಗಲೂ ಇರುಳೂ ಲಾರಿಗಳ ಸದ್ದು. ಆ ಸದ್ದಿನ ನಡುವೆಯೂ ರಾತ್ರಿ ಹೆಂಚಿನ ಮೇಲೆ ನಾಲ್ಕು ಹನಿ ಬಿದ್ದರೆ ಮೇಷ್ಟ್ರಿಗೆ ಎಚ್ಚರವಾಗುತ್ತದೆ. ಬೆಳಿಗ್ಗೆ ಎಂಟೂವರೆಗೆ ಸರಿಯಾಗಿ ಹಿತ್ತಿಲಿನ ಮಳೆಮಾಪಕದ ಬಳಿ ನಿಂತು, ಅಳತೆಯ ಗಾಜಿನ ಪಾತ್ರೆಯನ್ನು ಕಣ್ಣಿನ ಮಟ್ಟಕ್ಕೆ ಹಿಡಿದು, ನೀರಿನ ಗೆರೆಯನ್ನು ಓದಿಕೊಂಡು ಒಳಗೆ ಬಂದು ಬರೆದಿಡುತ್ತಾರೆ. 1971ರಲ್ಲಿ, ಕೆಲಸಕ್ಕೆ ಸೇರಿದ ಹೊಸದರಲ್ಲಿ, ಮಕ್ಕಳಿಗೆ ಹವಾಮಾನದ ಪಾಠ ಹೇಳುವುದಕ್ಕೆಂದು ಆರಂಭಿಸಿದ ಕೆಲಸವದು. ಪಾಠ ಮುಗಿಯಿತು, ನೌಕರಿಯೂ ಮುಗಿಯಿತು. ಬರವಣಿಗೆ ಮಾತ್ರ ನಿಲ್ಲಲಿಲ್ಲ.

ಅವರ ಪುಸ್ತಕದಲ್ಲಿ ನಾಲ್ಕು ಅಂಕಣಗಳು. ಮೊದಲನೆಯದು ತಾರೀಖು, ಎರಡನೆಯದು ಮಿಲಿಮೀಟರುಗಳಲ್ಲಿ ಮಳೆ, ಮೂರನೆಯದು ಮಳೆಯ ನಕ್ಷತ್ರ, ಎಂದರೆ ಅಶ್ವಿನಿ, ಭರಣಿ, ಮೃಗಶಿರ, ಹುಬ್ಬೆ, ಉತ್ತರೆ ಎಂದು ರೈತರು ಕರೆಯುವ ಹೆಸರು, ನಾಲ್ಕನೆಯದು ವಿಶೇಷ. ಈ ನಾಲ್ಕನೆಯ ಅಂಕಣವೇ ಪುಸ್ತಕದ ಜೀವ. ಶೇಂಗಾ ಬಿತ್ತನೆ ಆರಂಭವಾದ ದಿನ, ರಾಗಿಯ ಪೈರು ಬಾಡಿದ ವಾರ, ಬಾವಿಯ ನೀರು ತಳ ಕಂಡ ತಿಂಗಳು ಎಲ್ಲವೂ ಅಲ್ಲಿ ಒಂದೆರಡು ಮಾತುಗಳಲ್ಲಿ ದಾಖಲಾಗಿದ್ದುವು. ಬಯಲುಸೀಮೆಯ ಆ ಊರಿನಲ್ಲಿ ಇಂಥ ಪುಸ್ತಕಕ್ಕೆ ಬೆಲೆ ಹೆಚ್ಚು. ಮುಂಗಾರು ಹಿಂದೆಗೆದಾಗಲೆಲ್ಲ ಯಾರಾದರೊಬ್ಬರು ಜಗಲಿಯ ಮೇಲೆ ಬಂದು ಕುಳಿತು, "ಮೇಷ್ಟ್ರೇ, ಇಂಥ ವರ್ಷ ಹಿಂದೆ ಯಾವಾಗ ಬಂದಿತ್ತು? ಆಗ ಹಿಂಗಾರು ಕೈಹಿಡಿಯಿತೋ ಇಲ್ಲವೋ?" ಎಂದು ಕೇಳುವರು. ಮೇಷ್ಟ್ರು ಪುಟ ತಿರುವಿ ಹೇಳುವರು.

2008ರಲ್ಲಿ ಅವರ ಹಳೆಯ ಶಿಷ್ಯನೊಬ್ಬ, ಬೆಂಗಳೂರಿನಲ್ಲಿ ತಂತ್ರಾಂಶ ಬರೆಯುವ ಕೆಲಸದಲ್ಲಿದ್ದವನು, ಊರಿಗೆ ಬಂದಾಗ ಈ ಪುಸ್ತಕಗಳ ಸಾಲನ್ನು ನೋಡಿ ಬೆರಗಾದ. ತಾನು ಉಪಯೋಗಿಸಿ ಬಿಟ್ಟ ಗಣಕಯಂತ್ರವೊಂದನ್ನು ಗುರುಗಳಿಗೆ ತಂದುಕೊಟ್ಟು, ಅದೇ ನಾಲ್ಕು ಅಂಕಣಗಳಿರುವ ಚಿಕ್ಕ ತಂತ್ರಾಂಶವನ್ನು ತಾನೇ ಬರೆದು ಅದರಲ್ಲಿ ಅಳವಡಿಸಿದ. ಮೇಷ್ಟ್ರು ಅರವತ್ತು ದಾಟಿದ ಮೇಲೆ ಕೀಲಿಮಣೆಯಲ್ಲಿ ಕನ್ನಡ ಒತ್ತುವುದನ್ನು ಕಲಿತರು. ಮೂವತ್ತೇಳು ವರ್ಷಗಳ ಲೆಕ್ಕವನ್ನು ದಿನಕ್ಕೆ ಎರಡು ಮೂರು ಪುಟದಂತೆ ಎರಡು ಮಳೆಗಾಲಗಳ ಕಾಲ ಕುಳಿತು ಯಂತ್ರಕ್ಕೆ ತುಂಬಿದರು. ಆ ಬಳಿಕ ಹಳೆಯ ಪುಸ್ತಕಗಳು ಅಟ್ಟ ಸೇರಿದುವು. ಕೆಲವು ವರ್ಷಗಳಾದ ಮೇಲೆ ಅಟ್ಟವನ್ನು ಹತ್ತಿ ನೋಡಿದರೆ ಗೆದ್ದಲು ತನ್ನ ಕೆಲಸವನ್ನು ಮುಗಿಸಿಯಾಗಿತ್ತು. "ಹೋಗಲಿ, ಯಂತ್ರದಲ್ಲಿದೆಯಲ್ಲ" ಎಂದು ಮೇಷ್ಟ್ರು ಸಮಾಧಾನ ತಂದುಕೊಂಡರು.

2024ರ ಬೇಸಗೆಯಲ್ಲಿ ಆ ಯಂತ್ರ ನಿಂತುಹೋಯಿತು.

ಅದರೊಳಗಿನ ಸಂಗ್ರಹದ ತಟ್ಟೆಗೆ ಏನೂ ಆಗಿರಲಿಲ್ಲ. ಹಿರಿಯೂರಿನ ಅಂಗಡಿಯವನು ಅದರಲ್ಲಿದ್ದುದನ್ನೆಲ್ಲ ಹೊಸ ಯಂತ್ರಕ್ಕೆ ನಕಲು ಮಾಡಿಕೊಟ್ಟ. ಮೇಷ್ಟ್ರ ಮಳೆಲೆಕ್ಕದ ಕಡತವೂ ಬಂತು, ಶಿಷ್ಯ ಬರೆದ ತಂತ್ರಾಂಶವೂ ಬಂತು. ಮೃಗಶಿರ ಮಳೆ ಹನಿಯುತ್ತಿದ್ದ ಒಂದು ಸಂಜೆ, ಹಿರಿಯೂರಿನಲ್ಲಿ ಪಿ.ಯು.ಸಿ. ಓದುತ್ತಿದ್ದ ಮೊಮ್ಮಗಳು ಹೊಸ ಯಂತ್ರವನ್ನು ಹೂಡಿ, ತಂತ್ರಾಂಶದ ಗುರುತನ್ನು ಒತ್ತಿದಳು. ಬಿಳಿಯ ಪಟವೊಂದು ತೆರೆಯಿತು, ಅಂಕಣಗಳು ಬರಿದಾಗಿದ್ದುವು. ನಡುವೆ ಇಂಗ್ಲಿಷಿನಲ್ಲಿ ಒಂದು ಸಾಲು ಮೂಡಿ ನಿಂತಿತು.

"ಏನಂತೆ ಮಗಳೆ?" ಎಂದರು ಮೇಷ್ಟ್ರು.

"ಸಂಪರ್ಕ ಕೊಡಬೇಕಾದದ್ದು ಈ ಯಂತ್ರದಲ್ಲಿ ನೋಂದಣಿಯಾಗಿಲ್ಲವಂತೆ ತಾತ."

"ನೋಂದಣಿಯಾಗಿಲ್ಲವೇ? ಹಾಗಾದರೆ ಖಾತೆ ಇಲ್ಲದ ಜಮೀನು ಅನ್ನು" ಎಂದು ಮೇಷ್ಟ್ರು ನಗಲು ನೋಡಿದರು, ನಗು ಬರಲಿಲ್ಲ. ಅಟ್ಟದ ಮೇಲಿನ ಗೆದ್ದಲಿನ ಮಣ್ಣು ಅವರ ಕಣ್ಣ ಮುಂದೆ ಬಂದಿತ್ತು.

ಹುಡುಗಿ ಚುರುಕು. ಆ ಸಾಲನ್ನೇ ಅಂತರಜಾಲದಲ್ಲಿ ಹುಡುಕಿದಳು. ಬೇಕಾದ ಕಡತವನ್ನು ಬಿಟ್ಟಿಯಾಗಿ ಕೊಡುತ್ತೇವೆಂದು ಹೇಳುವ ತಾಣಗಳು ಸಾಲುಸಾಲಾಗಿ ಎದುರಾದುವು. ಒಂದರಲ್ಲಿ ಹಸಿರು ಗುಂಡಿ ಮಿನುಗುತ್ತಿತ್ತು. ಅದನ್ನೊಮ್ಮೆ ಒತ್ತಿದರೆ ಎಲ್ಲ ಸರಿಹೋಗುತ್ತದೆಂಬ ಭರವಸೆ ಅದರ ಮೇಲೆಯೇ ಬರೆದಿತ್ತು. ಅವಳ ಬೆರಳು ಗುಂಡಿಯ ಮೇಲೆ ಹೋಗಿತ್ತು. ಅಷ್ಟರಲ್ಲಿ ಮೇಷ್ಟ್ರು, "ತಡಿ, ಮಾಡಿದವನನ್ನೇ ಒಂದು ಮಾತು ಕೇಳೋಣ" ಎಂದು ಶಿಷ್ಯನಿಗೆ ದೂರವಾಣಿ ಮಾಡಿದರು. ಈ ಎಚ್ಚರಿಕೆ ಯಂತ್ರದ ಜ್ಞಾನದಿಂದ ಬಂದದ್ದಲ್ಲ. ಗೊಬ್ಬರದ ಅಂಗಡಿಯಲ್ಲಿ ಬಿತ್ತನೆ ಬೀಜ ಕೊಳ್ಳುವಾಗ ಚೀಲದ ಹೊಲಿಗೆಯನ್ನು ನೋಡುವ ಅಭ್ಯಾಸದಿಂದ ಬಂದದ್ದು.

ಶಿಷ್ಯ ಮೊದಲು ಕೇಳಿದ್ದು ಒಂದೇ ಮಾತು: "ಸಾರ್, ಏನನ್ನೂ ಇಳಿಸಿಕೊಳ್ಳಲಿಲ್ಲ ತಾನೆ?" ಇಲ್ಲವೆಂದು ಕೇಳಿದ ಮೇಲೆ ಅವನ ಧ್ವನಿ ಹಗುರವಾಯಿತು. "ಹಾಗಾದರೆ ಭಯವಿಲ್ಲ. ನಿಮ್ಮ ಮಳೆ ಎಲ್ಲಿಯೂ ಹೋಗಿಲ್ಲ. ಮಳೆಯಿರುವ ಕಡತವೂ ಸರಿಯಾಗಿದೆ, ನನ್ನ ತಂತ್ರಾಂಶವೂ ಸರಿಯಾಗಿದೆ. ಎರಡರ ನಡುವಿನ ತೂಬು ಇಲ್ಲ, ಅಷ್ಟೆ."

ಅಂದು ಅವನು ಗುರುಗಳಿಗೆ ಬಿಡಿಸಿ ಹೇಳಿದ ಸಂಗತಿ ಹೀಗಿತ್ತು. ಗಣಕಯಂತ್ರದಲ್ಲಿ ನಡೆಯುವ ಯಾವ ತಂತ್ರಾಂಶವೂ ತನ್ನ ಕೆಲಸವನ್ನೆಲ್ಲ ತಾನೇ ಮಾಡಿಕೊಳ್ಳುವುದಿಲ್ಲ. ಕಾಗದದ ಮೇಲೆ ಅಚ್ಚು ಹಾಕಿಸಬೇಕೆ, ಅಂತರಜಾಲದೊಡನೆ ಮಾತನಾಡಬೇಕೆ, ಮಾಹಿತಿಯ ಉಗ್ರಾಣದಿಂದ ಒಂದು ಲೆಕ್ಕವನ್ನು ತೆಗೆದು ತರಬೇಕೆ, ಇಂಥ ಪ್ರತಿಯೊಂದಕ್ಕೂ ಅದು ಬೇರೆಯವರು ಬರೆದಿಟ್ಟ ಸಿದ್ಧ ಸೂಚನೆಗಳ ನೆರವನ್ನು ಪಡೆಯುತ್ತದೆ. ಆ ಸೂಚನೆಗಳು ಪ್ರತ್ಯೇಕ ಕಡತಗಳಲ್ಲಿರುತ್ತವೆ. ಒಂದೇ ಕಡತವನ್ನು ಹತ್ತಾರು ತಂತ್ರಾಂಶಗಳು ಬೇಕಾದಾಗ ಕರೆದು ಕೆಲಸ ಮಾಡಿಸಿಕೊಳ್ಳಬಹುದು. ಆದುದರಿಂದಲೇ ಇವಕ್ಕೆ ಹಂಚಿಕೆಯ ಗ್ರಂಥಾಲಯ ಕಡತಗಳೆಂದು ಹೆಸರು. ವಿಂಡೋಸ್ ವ್ಯವಸ್ಥೆಯಲ್ಲಿ ಇವುಗಳ ಹೆಸರಿನ ಕೊನೆಗೆ ಸಾಮಾನ್ಯವಾಗಿ ಡಿ.ಎಲ್.ಎಲ್. ಎಂಬ ಮೂರು ಅಕ್ಷರಗಳೂ ಲಿನಕ್ಸ್‌ನಲ್ಲಿ ಎಸ್.ಓ. ಎಂಬ ಎರಡು ಅಕ್ಷರಗಳೂ ಇರುತ್ತವೆ. ಶಿಷ್ಯ ಬರೆದ ತಂತ್ರಾಂಶಕ್ಕೆ ಅಂಕಣಗಳನ್ನು ತೋರಿಸುವುದು ಗೊತ್ತಿತ್ತು. ಉಗ್ರಾಣದ ಬಾಗಿಲು ತೆರೆಯುವುದು ಗೊತ್ತಿರಲಿಲ್ಲ. ಆ ಕೆಲಸವನ್ನು ಅದು ಒಂದು ಗ್ರಂಥಾಲಯ ಕಡತಕ್ಕೆ ಒಪ್ಪಿಸಿತ್ತು.

ಆ ಕಡತ ಹಳೆಯ ಯಂತ್ರಕ್ಕೆ ಬಂದ ಬಗೆಯೇ ವಿಚಿತ್ರ. ಶಿಷ್ಯ ಅದನ್ನು ಬೇರೆಯಾಗಿ ಹಾಕಿರಲೇ ಇಲ್ಲ. ಪತ್ರ ಬರೆಯುವುದಕ್ಕೂ ಲೆಕ್ಕ ಮಾಡುವುದಕ್ಕೂ ಕಚೇರಿಗಳಲ್ಲಿ ಬಳಸುವ ದೊಡ್ಡ ತಂತ್ರಾಂಶವೊಂದು ಆ ಯಂತ್ರದಲ್ಲಿ ಮೊದಲೇ ಇತ್ತು. ಈ ಕಡತ ಅದರ ಜತೆಯಲ್ಲಿ ಬಂದಿತ್ತು. ಹದಿನಾರು ವರ್ಷ ಮೇಷ್ಟ್ರ ಮಳೆಲೆಕ್ಕ ಹೇಳದೆ ಕೇಳದೆ ನೆರೆಮನೆಯ ಬಾವಿಯ ನೀರನ್ನು ಸೇದಿಕೊಂಡಿತ್ತು. ಹೊಸ ಯಂತ್ರದಲ್ಲಿ ಆ ನೆರೆಮನೆಯೇ ಇಲ್ಲ.

"ತಪ್ಪು ನನ್ನದೇ ಸಾರ್. ಏನೇನು ಬೇಕೆಂದು ಒಂದು ಚೀಟಿಯಲ್ಲಿ ಬರೆದಿಡಬೇಕಾಗಿತ್ತು" ಎಂದ ಶಿಷ್ಯ.

ಮೇಷ್ಟ್ರು ತಪ್ಪಿನ ಮಾತನ್ನು ಅಲ್ಲಿಗೇ ಬಿಟ್ಟರು. ಅವರಿಗೆ ಬೇರೊಂದು ಸಂದೇಹ ಹುಟ್ಟಿತ್ತು. ಪ್ರತಿಯೊಂದು ತಂತ್ರಾಂಶವೂ ತನಗೆ ಬೇಕಾದುದನ್ನೆಲ್ಲ ತನ್ನ ಗಂಟಿನಲ್ಲಿಯೇ ಕಟ್ಟಿಕೊಂಡು ಬರಬಾರದೇಕೆ? ಹಾಗೆ ಬಂದರೆ ಈ ಫಜೀತಿಯೇ ಇರದಲ್ಲ?

ಮೊದಲು ಹಾಗೆಯೇ ಇತ್ತು. ಇಂಗ್ಲೆಂಡಿನ ಕೇಂಬ್ರಿಜ್ ವಿಶ್ವವಿದ್ಯಾನಿಲಯದಲ್ಲಿ 1949ರ ಮೇ ತಿಂಗಳಿನಲ್ಲಿ ಎಡ್ಸ್ಯಾಕ್ ಎಂಬ ಗಣಕಯಂತ್ರ ಕೆಲಸ ಆರಂಭಿಸಿತು. ಮಾರಿಸ್ ವಿಲ್ಕ್ಸ್ ಅದರ ನಿರ್ಮಾಣದ ಮುಖ್ಯಸ್ಥ. ಅದಕ್ಕೆ ಸೂಚನೆಗಳನ್ನು ಕೊಡುತ್ತಿದ್ದುದು ತೂತು ಹೊಡೆದ ಕಾಗದದ ಪಟ್ಟಿಯ ಮೂಲಕ. ವರ್ಗಮೂಲ ತೆಗೆಯುವುದು, ಉತ್ತರವನ್ನು ಅಚ್ಚು ಮಾಡುವುದು ಮೊದಲಾದ ಕೆಲಸಗಳು ಎಲ್ಲ ಲೆಕ್ಕಗಳಲ್ಲಿಯೂ ಮತ್ತೆ ಮತ್ತೆ ಬರುತ್ತಿದ್ದುವು. ಪ್ರತಿಸಲವೂ ಅವನ್ನು ಹೊಸದಾಗಿ ಬರೆಯುವುದು ವ್ಯರ್ಥ ಶ್ರಮವಲ್ಲದೆ ತಪ್ಪಿಗೂ ದಾರಿ. ಡೇವಿಡ್ ವೀಲರ್ ಎಂಬ ತರುಣ ಗಣಿತಜ್ಞ ಮತ್ತು ಅವನ ಸಂಗಡಿಗರು ಇಂಥ ಕೆಲಸಗಳಿಗೆ ಒಮ್ಮೆ ಚೆನ್ನಾಗಿ ಪರೀಕ್ಷಿಸಿದ ಪಟ್ಟಿಗಳನ್ನು ಸಿದ್ಧಪಡಿಸಿ ಬೀರುವಿನಲ್ಲಿ ಜೋಡಿಸಿಟ್ಟರು. ಬೇಕಾದವರು ಬೀರುವಿನಿಂದ ಪಟ್ಟಿಯನ್ನು ತೆಗೆದು, ತಮ್ಮ ಪಟ್ಟಿಯ ಮೇಲೆ ಅದರ ನಕಲನ್ನು ಹೊಡೆದುಕೊಂಡು, ಮೂಲವನ್ನು ಮರಳಿ ಇಡುತ್ತಿದ್ದರು. ಗ್ರಂಥಾಲಯವೆಂಬ ಹೆಸರು ತಂತ್ರಾಂಶದ ಲೋಕದಲ್ಲಿ ಬೇರೂರಿದ್ದು ಈ ಬೀರುವಿನಿಂದ. ಈ ಮೂವರಲ್ಲಿ ಮೂರನೆಯವನಾದ ಸ್ಟ್ಯಾನ್ಲಿ ಗಿಲ್‌ನೂ ಸೇರಿ ಇವರು 1951ರಲ್ಲಿ ಪ್ರಕಟಿಸಿದ ಪುಸ್ತಕ, ತಂತ್ರಾಂಶ ಬರೆಯುವ ವಿದ್ಯೆಯನ್ನು ಕುರಿತ ಮೊದಲ ಪುಸ್ತಕಗಳಲ್ಲೊಂದು.

ಆದರೆ ಅಲ್ಲಿ ಪ್ರತಿಯೊಬ್ಬನೂ ಒಯ್ಯುತ್ತಿದ್ದುದು ನಕಲನ್ನು. ನೂರು ತಂತ್ರಾಂಶಗಳಿಗೆ ನೂರು ನಕಲು. ಮೂಲದಲ್ಲಿ ಒಂದು ದೋಷ ಕಂಡರೆ ನೂರು ಕಡೆ ತಿದ್ದಬೇಕು. ಯಂತ್ರದ ಸ್ಮೃತಿಕೋಶದಲ್ಲಿ ಒಂದೇ ಸೂಚನೆ ಹಲವು ಕಡೆ ಜಾಗ ಹಿಡಿಯುತ್ತದೆ. ಅಂದು ಸ್ಮೃತಿಕೋಶವೆಂಬುದು ಚಿನ್ನದಂತೆ ತೂಗಿ ಕೊಳ್ಳುವ ವಸ್ತು. 1960ರ ದಶಕದಲ್ಲಿ ಅಮೆರಿಕದ ಮಲ್ಟಿಕ್ಸ್ ಎಂಬ ವ್ಯವಸ್ಥೆಯನ್ನು ಕಟ್ಟಿದವರು ಬೇರೊಂದು ಹಾದಿ ಹಿಡಿದರು. ತಂತ್ರಾಂಶದಲ್ಲಿ ನಕಲು ಬೇಡ, ಹೆಸರು ಮಾತ್ರ ಇರಲಿ. ಕೆಲಸ ನಡೆಯುವ ಹೊತ್ತಿನಲ್ಲಿ ಆ ಹೆಸರನ್ನು ಕೂಗಿ ಕರೆದರೆ ಸಾಕು, ವ್ಯವಸ್ಥೆಯೇ ಹುಡುಕಿ ಜೋಡಿಸಿಕೊಡಲಿ ಎಂಬುದು ಆ ಹಾದಿ. 1985ರಲ್ಲಿ ಹೊರಬಂದ ವಿಂಡೋಸ್ ಕೂಡ ಇದೇ ಹಾದಿಯನ್ನು ತುಳಿಯಿತು. ಉಗ್ರಾಣಗಳಿಗೆ ಸಂಪರ್ಕ ಕಲ್ಪಿಸುವ ಕೆಲಸಕ್ಕೆಂದೇ 1992ರಲ್ಲಿ ಓ.ಡಿ.ಬಿ.ಸಿ. ಎಂಬ ಸಾಮಾನ್ಯ ಕ್ರಮವೊಂದು ಬಂದಿತು. ಯಾವ ಕಂಪನಿಯ ಉಗ್ರಾಣವಾದರೂ ಸರಿ, ಅದಕ್ಕೆ ತಕ್ಕ ಗ್ರಂಥಾಲಯ ಕಡತವೊಂದನ್ನು ಯಂತ್ರದಲ್ಲಿ ಇಟ್ಟರೆ, ಮೇಜಿನ ಮೇಲಿನ ತಂತ್ರಾಂಶ ಎಲ್ಲದರೊಡನೆಯೂ ಒಂದೇ ಭಾಷೆಯಲ್ಲಿ ವ್ಯವಹರಿಸಬಹುದಾಯಿತು.

ಮೇಷ್ಟ್ರಿಗೆ ಇದನ್ನು ಬಹಳ ಹೊತ್ತು ವಿವರಿಸಬೇಕಾಗಲಿಲ್ಲ. ಅವರು ನೌಕರಿಯ ಬಹುಭಾಗವನ್ನು ಕಳೆದದ್ದು ವಾಣಿವಿಲಾಸ ಸಾಗರದ ಅಚ್ಚುಕಟ್ಟಿನ ಹಳ್ಳಿಗಳಲ್ಲಿ. ಮಾರಿಕಣಿವೆಯಲ್ಲಿ ವೇದಾವತಿಗೆ ಅಡ್ಡಲಾಗಿ ಮೈಸೂರು ಸಂಸ್ಥಾನ ಕಟ್ಟಿಸಿ 1907ರಲ್ಲಿ ಮುಗಿಸಿದ ಜಲಾಶಯವದು. ಮಹಾರಾಣಿ ಕೆಂಪನಂಜಮ್ಮಣ್ಣಿಯವರ ವಾಣಿವಿಲಾಸ ಸನ್ನಿಧಾನ ಎಂಬ ಬಿರುದಿನಿಂದ ಅದಕ್ಕೆ ಆ ಹೆಸರು. ಹೊಲಕ್ಕೊಂದು ಜಲಾಶಯವನ್ನು ಯಾರೂ ಕಟ್ಟಿಕೊಳ್ಳುವುದಿಲ್ಲ. ಕಣಿವೆಯಲ್ಲಿ ಒಂದೇ ಕಟ್ಟೆ, ಅದರಿಂದ ನಾಲೆ, ನಾಲೆಯಿಂದ ಕಾಲುವೆ, ಹೊಲದ ತಲೆಯಲ್ಲಿ ತೂಬು. ರೈತ ತೂಬಿನ ಹಲಗೆ ಎತ್ತಿದರೆ ನೀರು ಬರುತ್ತದೆ. ಎಲ್ಲಿಂದ ಬಂತೆಂದು ಅವನು ದಿನವೂ ವಿಚಾರಿಸುವುದಿಲ್ಲ. ವಿಚಾರಿಸುವುದು ನೀರು ಬಾರದ ದಿನ.

"ಹಾಗಾದರೆ ಜಗಳವೂ ಇರಬೇಕಲ್ಲಪ್ಪ?" ಎಂದರು ಮೇಷ್ಟ್ರು. ನಾಲೆಯ ನೀರನ್ನು ಬಲ್ಲವರು ಕೇಳುವ ಮೊದಲ ಪ್ರಶ್ನೆಯೇ ಅದು.

ಜಗಳವಿದೆ. ಭತ್ತದ ಗದ್ದೆಗೆ ನೀರು ನಿಲ್ಲಬೇಕು. ಶೇಂಗಾ ಹೊಲದಲ್ಲಿ ನಿಂತರೆ ಬೆಳೆ ಕೊಳೆಯುತ್ತದೆ. ಹಾಗೆಯೇ ಒಂದೇ ಗ್ರಂಥಾಲಯ ಕಡತದ ಹಳೆಯ ಆವೃತ್ತಿಯನ್ನು ನಂಬಿದ ತಂತ್ರಾಂಶವೂ ಹೊಸ ಆವೃತ್ತಿಯನ್ನು ನಂಬಿದ ತಂತ್ರಾಂಶವೂ ಒಂದೇ ಯಂತ್ರದಲ್ಲಿರುತ್ತವೆ. 1990ರ ದಶಕದಲ್ಲಿ ಹೊಸ ತಂತ್ರಾಂಶವೊಂದನ್ನು ಹಾಕುವಾಗ ಅದು ಹಳೆಯ ಕಡತದ ಮೇಲೆಯೇ ತನ್ನ ಕಡತವನ್ನು ಬರೆದುಬಿಡುತ್ತಿತ್ತು. ಮರುದಿನ ಇನ್ನಾವುದೋ ತಂತ್ರಾಂಶ, ತಾನೇನೂ ತಪ್ಪು ಮಾಡದಿದ್ದರೂ, ಮುಗ್ಗರಿಸುತ್ತಿತ್ತು. ತಂತ್ರಜ್ಞರು ಈ ಸ್ಥಿತಿಗೆ 'ಡಿ.ಎಲ್.ಎಲ್. ನರಕ' ಎಂದೇ ಹೆಸರಿಟ್ಟರು. 2000ದ ಸುಮಾರಿಗೆ ಬಂದ ವಿಂಡೋಸ್ ಆವೃತ್ತಿಗಳು ಮುಖ್ಯ ಕಡತಗಳ ಮೇಲೆ ಕಾವಲು ಹಾಕಿದುವು. ಎರಡು ಆವೃತ್ತಿಗಳು ಅಕ್ಕಪಕ್ಕದಲ್ಲಿ ಇರುವುದಕ್ಕೂ ಏರ್ಪಾಡಾಯಿತು. ನರಕ ಪೂರ್ತಿಯಾಗಿ ಮುಚ್ಚಿದೆಯೆಂದು ಹೇಳುವಂತಿಲ್ಲ. ಮೇಷ್ಟ್ರ ಮನೆಯ ಆ ಸಂಜೆಯೇ ಸಾಕ್ಷಿ.

ಮೊಮ್ಮಗಳಿಗೆ ಇನ್ನೂ ಒಂದು ಕೊರಗು ಉಳಿದಿತ್ತು. "ಮಾಮಾ, ಕಡತ ಇಲ್ಲ, ಅಲ್ಲಿ ಸಿಗುತ್ತೆ. ಇಳಿಸಿಕೊಂಡಿದ್ದರೆ ಏನಾಗುತ್ತಿತ್ತು?" ಎಂದು ಕೇಳಿದಳು.

ಶಿಷ್ಯ ಇದಕ್ಕೆ ನೇರವಾಗಿ ಉತ್ತರ ಕೊಡದೆ, ಮೂರು ತಿಂಗಳ ಹಿಂದೆಯಷ್ಟೇ ನಡೆದ ಒಂದು ಪ್ರಸಂಗವನ್ನು ಹೇಳಿದ. ಲಿನಕ್ಸ್ ಯಂತ್ರಗಳಲ್ಲಿ ಕಡತಗಳನ್ನು ಒತ್ತಿ ಚಿಕ್ಕದು ಮಾಡುವ ಎಕ್ಸ್‌.ಜಡ್. ಎಂಬ ಗ್ರಂಥಾಲಯವಿದೆ. ತೀರ ಸಾಧಾರಣವಾದ ಕೆಲಸ, ಹೆಸರು ಕೇಳಿದವರೂ ಕಡಮೆ. ಅದನ್ನು ಬಹುಕಾಲ ನೋಡಿಕೊಳ್ಳುತ್ತಿದ್ದವನು ಸಂಬಳವಿಲ್ಲದೆ, ಬಿಡುವಿನ ವೇಳೆಯಲ್ಲಿ ದುಡಿಯುತ್ತಿದ್ದ ಒಬ್ಬನೇ ಮನುಷ್ಯ. ಅವನಿಗೆ ದಣಿವಾಗಿತ್ತು. ಅಂಥ ಹೊತ್ತಿನಲ್ಲಿ ಅಪರಿಚಿತನೊಬ್ಬ ನೆರವಿಗೆಂದು ಬಂದ. ಎರಡು ವರ್ಷಕ್ಕೂ ಮೇಲ್ಪಟ್ಟು ಒಳ್ಳೆಯ ಕೆಲಸವನ್ನೇ ಮಾಡಿ ನಂಬಿಕೆ ಗಳಿಸಿದ. ಕೊನೆಗೆ 2024ರ ಆರಂಭದಲ್ಲಿ ಹೊರಟ ಎರಡು ಆವೃತ್ತಿಗಳಲ್ಲಿ ಯಾರಿಗೂ ತಿಳಿಯದಂತೆ ಕಳ್ಳದಾರಿಯೊಂದನ್ನು ಹುದುಗಿಸಿಬಿಟ್ಟ. ಒತ್ತಿ ಚಿಕ್ಕದು ಮಾಡುವ ಕಡತದಲ್ಲಿ ಕಳ್ಳದಾರಿಯಿದ್ದರೆ ಯಾರಿಗೇನು ಎನ್ನಿಸಬಹುದು. ಆದರೆ ದೂರದ ಯಂತ್ರಗಳನ್ನು ಪ್ರವೇಶಿಸುವಾಗ ಬಾಗಿಲು ಕಾಯುವ ತಂತ್ರಾಂಶವೊಂದುಂಟು. ಲಿನಕ್ಸ್‌ನ ಕೆಲವು ಬಗೆಗಳಲ್ಲಿ ಅದು ಇನ್ನೊಂದು ಗ್ರಂಥಾಲಯವನ್ನು ಕರೆಯುತ್ತಿತ್ತು, ಆ ಗ್ರಂಥಾಲಯ ಇದನ್ನು ಕರೆಯುತ್ತಿತ್ತು. ಹೀಗೆ ತೂಬಿನಿಂದ ತೂಬಿಗೆ ಹರಿದು ವಿಷ ಹೆಬ್ಬಾಗಿಲನ್ನು ಮುಟ್ಟುವಂತಾಗಿತ್ತು.

ಅದನ್ನು ಹಿಡಿದವನು ಆಂಡ್ರೆಸ್ ಫ್ರಾಯಂಡ್ ಎಂಬ ಎಂಜಿನಿಯರ್. ಕಳ್ಳನನ್ನು ಹುಡುಕಲು ಹೊರಟವನಲ್ಲ ಅವನು. ತನ್ನ ಬೇರಾವುದೋ ಪರೀಕ್ಷೆಯ ನಡುವೆ, ಪ್ರವೇಶಕ್ಕೆ ಎಂದಿಗಿಂತ ಅರ್ಧ ಸೆಕೆಂಡ್ ಹೆಚ್ಚು ಹಿಡಿಯುತ್ತಿರುವುದನ್ನು ಗಮನಿಸಿದ. ಅರ್ಧ ಸೆಕೆಂಡ್! ಕಣ್ಣು ಮಿಟುಕಿಸಿ ಮರೆತುಬಿಡಬಹುದಾಗಿದ್ದ ಕಾಲ. ಅವನು ಮರೆಯಲಿಲ್ಲ, ಎಳೆಯನ್ನು ಹಿಡಿದು ಬೇರಿನವರೆಗೂ ಹೋಗಿ, 2024ರ ಮಾರ್ಚ್ 29ರಂದು ಲೋಕಕ್ಕೆ ಸಾರಿದ. ಹೊಸ ಆವೃತ್ತಿ ಆ ಹೊತ್ತಿಗೆ ಬಹುಮಟ್ಟಿಗೆ ಪ್ರಯೋಗದ ಯಂತ್ರಗಳನ್ನಷ್ಟೇ ಸೇರಿತ್ತು. ಅದನ್ನು ಕೂಡಲೇ ಹಿಂದಕ್ಕೆ ಪಡೆದರು.

"ನುರಿತವರ ಕಣ್ಣಿನ ಮುಂದೆಯೇ ಹೀಗೆ ನಡೆಯುತ್ತದೆ. ನೀನು ಕಂಡ ಹಸಿರು ಗುಂಡಿಯ ಹಿಂದೆ ಯಾರಿದ್ದಾರೆಂದು ನಿನಗೂ ಗೊತ್ತಿಲ್ಲ, ನನಗೂ ಗೊತ್ತಿಲ್ಲ" ಎಂದ ಶಿಷ್ಯ. ಗ್ರಂಥಾಲಯ ಕಡತ ತನ್ನನ್ನು ಕರೆದ ತಂತ್ರಾಂಶದ ಒಳಗೇ ಬಂದು ಕೂಡುತ್ತದೆ; ಆ ತಂತ್ರಾಂಶಕ್ಕೆ ಏನೇನು ಮಾಡುವ ಅಧಿಕಾರವಿದೆಯೋ ಅದೆಲ್ಲವೂ ಅದಕ್ಕೆ ಬರುತ್ತದೆ. ಮೇಷ್ಟ್ರು ದೂರವಾಣಿಯನ್ನು ಕಿವಿಯಿಂದ ತೆಗೆಯದೆಯೇ ಮೊಮ್ಮಗಳ ಕಡೆ ನೋಡಿದರು. ಅವಳು ಹಸಿರು ಗುಂಡಿಯ ಪುಟವನ್ನು ಆಗಲೇ ಮುಚ್ಚಿದ್ದಳು.

ಬೇಕಾಗಿದ್ದ ಕಡತವನ್ನು ಅದನ್ನು ತಯಾರಿಸಿದ ಸಂಸ್ಥೆಯೇ ತನ್ನ ಸ್ವಂತ ತಾಣದಲ್ಲಿ ಉಚಿತವಾಗಿ ಕೊಡುತ್ತಿತ್ತು. ಅಲ್ಲಿಂದ ಇಳಿಸಿಕೊಂಡು ಹಾಕಿದರು. ಮಳೆಲೆಕ್ಕವನ್ನು ತೆರೆದರು. ಮತ್ತೆ ಅದೇ ಸಾಲು: ನೋಂದಣಿಯಾಗಿಲ್ಲ. ರಾತ್ರಿ ಒಂಬತ್ತಾಗಿತ್ತು, ಮುದ್ದೆ ಆರಿಹೋಗುತ್ತಿದೆಯೆಂದು ಅಡಿಗೆಮನೆಯಿಂದ ಎರಡು ಸಲ ಕರೆ ಬಂದಿತ್ತು. ಶಿಷ್ಯನಿಗೆ ಹೊಳೆಯಲು ಸ್ವಲ್ಪ ಹೊತ್ತು ಹಿಡಿಯಿತು. ಹೊಸ ಯಂತ್ರ 64 ಬಿಟ್‌ಗಳದು. ಅದಕ್ಕೆ ಒಪ್ಪುವುದೆಂದು ಹುಡುಗಿ 64 ಬಿಟ್‌ಗಳ ಕಡತವನ್ನೇ ಹಾಕಿದ್ದಳು. 2008ರಲ್ಲಿ ಬರೆದ ತಂತ್ರಾಂಶವಾದರೋ 32 ಬಿಟ್‌ಗಳದು. ಹೊಸ ಯಂತ್ರ ಹಳೆಯ ತಂತ್ರಾಂಶವನ್ನು ನಡೆಸಿಕೊಡುತ್ತದೆ, ಆದರೆ ಆ ತಂತ್ರಾಂಶ ಕರೆದಾಗ ಓಗೊಡುವುದು 32 ಬಿಟ್‌ಗಳ ಗ್ರಂಥಾಲಯ ಮಾತ್ರ. ಅಗಲದ ಕಾಲುವೆಗೆ ಮಾಡಿದ ಹಲಗೆ ಕಿರಿದಾದ ತೂಬಿನಲ್ಲಿ ಕೂರದು. ಹಾಕಿದ್ದನ್ನು ತೆಗೆದು, 32 ಬಿಟ್‌ಗಳದನ್ನು ಹಾಕಿದರು.

ಅಂಕಣಗಳು ತುಂಬಿಕೊಂಡುವು. ತಾರೀಖುಗಳು ಸರಿಯಾಗಿದ್ದುವು, ಮಿಲಿಮೀಟರುಗಳು ಸರಿಯಾಗಿದ್ದುವು. ಆದರೆ ನಕ್ಷತ್ರವೂ ವಿಶೇಷವೂ ಇರಬೇಕಾದ ಕಡೆ ರೋಮನ್ ಅಕ್ಷರಗಳು, ತಲೆಯ ಮೇಲೆ ಗೀಟು ಹೊತ್ತ ಅಕ್ಷರಗಳು, ಪೌಂಡ್ ನಾಣ್ಯದ ಗುರುತುಗಳು. 'ಮಳೆ' ಎಂದು ಬರೆದಿದ್ದಲ್ಲೆಲ್ಲ ನಡುವೆ ಕಾಲುಭಾಗದ ಗುರುತು ಕುಳಿತಿತ್ತು. ಮೇಷ್ಟ್ರು ಕನ್ನಡಕವನ್ನು ತೆಗೆದು ಒರೆಸಿ ಮತ್ತೆ ಹಾಕಿಕೊಂಡರು. ಕಾಲುಭಾಗ ಹಾಗೆಯೇ ಇತ್ತು.

ಇದೂ ಹಂಚಿಕೆಯ ಕಡತದ ಕಥೆಯೇ. ಕನ್ನಡ ಗಣಕ ಪರಿಷತ್ತು ರೂಪಿಸಿದ ನುಡಿ, ಶೇಷಾದ್ರಿವಾಸು ಚಂದ್ರಶೇಖರನ್ ಅವರು 1998ರಲ್ಲಿ ಹೊರತಂದ ಬರಹ ಮೊದಲಾದವು ಕನ್ನಡವನ್ನು ಗಣಕಯಂತ್ರಕ್ಕೆ ಒಗ್ಗಿಸಿದ ಉಪಕಾರವನ್ನು ಕನ್ನಡಿಗರು ಮರೆಯುವಂತಿಲ್ಲ, ಕೆ.ಪಿ. ರಾವ್ ಅವರು ರೂಪಿಸಿದ ಕೀಲಿಮಣೆಯ ವಿನ್ಯಾಸವಂತೂ ಇಂದಿಗೂ ಲಕ್ಷಾಂತರ ಬೆರಳುಗಳ ತುದಿಯಲ್ಲಿದೆ. ಆದರೆ ಆ ಕಾಲದ ಹಳೆಯ ಕ್ರಮದಲ್ಲಿ ಕನ್ನಡದ ಆಕಾರಗಳನ್ನು ರೋಮನ್ ಲಿಪಿಯ ಸ್ಥಾನಗಳಲ್ಲಿ ಕೂಡಿಸಲಾಗುತ್ತಿತ್ತು. ಅದಕ್ಕೆ ತಕ್ಕ ಅಕ್ಷರಗಳ ಕಡತ ಯಂತ್ರದಲ್ಲಿದ್ದರೆ ಕನ್ನಡ, ಇಲ್ಲದಿದ್ದರೆ ಕಲಸುಮೇಲೋಗರ. ಮುಂದೆ ಯೂನಿಕೋಡ್ ಬಂದಿತು. 1991ರ ಅದರ ಮೊದಲ ಆವೃತ್ತಿಯಲ್ಲಿಯೇ ಕನ್ನಡಕ್ಕೆ ಸ್ವಂತದ ಸ್ಥಾನಗಳು ದೊರೆತಿದ್ದರೂ, ಅದು ನಿತ್ಯದ ಬಳಕೆಗೆ ಇಳಿಯಲು ಬಹಳ ವರ್ಷಗಳು ಹಿಡಿದುವು. ಸ್ಥಾನ ದೊರೆತ ಮಾತ್ರಕ್ಕೆ ಕನ್ನಡ ಮೂಡುವುದಿಲ್ಲವೆಂಬುದೇ ಅದಕ್ಕೆ ಒಂದು ಕಾರಣ. 'ದುರ್ಗ' ಎಂಬ ಮಾತನ್ನೇ ನೋಡಿ. ಯಂತ್ರದೊಳಗೆ ರಕಾರ ಮೊದಲು, ಗಕಾರ ಆಮೇಲೆ; ಬರವಣಿಗೆಯಲ್ಲಿಯಾದರೋ ಗಕಾರ ಮುಂದೆ ಬಂದು, ರಕಾರ ಅರ್ಕಾವತ್ತಾಗಿ ಅದರ ಬೆನ್ನಿಗೆ ನಿಲ್ಲಬೇಕು. ಕಾಗುಣಿತ, ಒತ್ತು, ಒತ್ತಿಗೆ ಒತ್ತು ಇವನ್ನೆಲ್ಲ ಪ್ರತಿಯೊಂದು ತಂತ್ರಾಂಶವೂ ತಾನೇ ಕಲಿಯಬೇಕಾಗಿದ್ದರೆ ಕನ್ನಡದ ಗೊಡವೆಗೆ ಎಷ್ಟು ಮಂದಿ ಬರುತ್ತಿದ್ದರೋ! ಈ ವಿದ್ಯೆಯೆಲ್ಲ ಒಂದು ಗ್ರಂಥಾಲಯ ಕಡತದಲ್ಲಿ ನೆಲೆಸಿತು. ವಿಂಡೋಸ್‌ನಲ್ಲಿ ಅದರ ಹೆಸರು ಯೂನಿಸ್ಕ್ರೈಬ್. ಫೈರ್‌ಫಾಕ್ಸ್, ಕ್ರೋಮ್, ಲಿಬ್ರೆ ಆಫೀಸ್ ಹಾಗೂ ಆಂಡ್ರಾಯ್ಡ್ ದೂರವಾಣಿಗಳು ಉಪಯೋಗಿಸುವುದು ಹಾರ್ಫ್‌ಬಜ್ ಎಂಬುದನ್ನು. ತಮಿಳನ್ನೂ ಅರಬ್ಬಿಯನ್ನೂ ಜೋಡಿಸುವ ಆ ಕಡತವೇ ಕನ್ನಡದ ಅರ್ಕಾವತ್ತನ್ನೂ ಅದರ ಜಾಗಕ್ಕೆ ಒಯ್ದು ನಿಲ್ಲಿಸುತ್ತದೆ. ಹೊಸಗನ್ನಡದ ಎಷ್ಟೋ ಪುಟಗಳು ಇಂದು ಅದರ ಕೈಯಿಂದ ಹಾದು ಬರುತ್ತವೆ. ಹಾರ್ಫ್‌ಬಜ್ ಎಂಬ ಹೆಸರು ಕೇಳಿದ ಕನ್ನಡ ಪಂಡಿತರು ಎಷ್ಟು ಮಂದಿ ಇದ್ದಾರೆಯೋ ಹೇಳುವುದು ಕಷ್ಟ.

ಹಳೆಯ ನುಡಿಯ ಅಕ್ಷರಗಳನ್ನು ಯೂನಿಕೋಡಿಗೆ ಬದಲಿಸಿಕೊಡುವ ಸಾಧನಗಳಿವೆ. ಶಿಷ್ಯ ಒಂದು ವಾರ ಬಿಟ್ಟು ಊರಿಗೆ ಬಂದು, ಮೊದಲು ಇಡೀ ಕಡತದ ಮೂರು ಪ್ರತಿಗಳನ್ನು ತೆಗೆದ. ಒಂದು ಮೇಷ್ಟ್ರ ಪೆಟ್ಟಿಗೆಗೆ, ಒಂದು ಮೊಮ್ಮಗಳ ಹತ್ತಿರಕ್ಕೆ, ಒಂದು ಬೆಂಗಳೂರಿಗೆ. ಆ ಬಳಿಕವೇ ಅಕ್ಷರಗಳನ್ನು ಬದಲಿಸಿದ. ಅಲ್ಲಲ್ಲಿ ಒತ್ತುಗಳು ತಪ್ಪಿದ್ದುವು. ಮೇಷ್ಟ್ರು ತಿದ್ದುವುದಕ್ಕೆ ಕುಳಿತರು. ನಲವತ್ತು ವರ್ಷ ಮಕ್ಕಳ ಕಾಗುಣಿತ ತಿದ್ದಿದವರಿಗೆ ಅದು ಹೊಸ ಕೆಲಸವಾಗಿರಲಿಲ್ಲ. ತಿದ್ದುತ್ತ ಹೋದಂತೆ 2022ರ ಸೆಪ್ಟೆಂಬರ್ ಎದುರಾಯಿತು. ಹುಬ್ಬೆ ಮಳೆ, ವಿಶೇಷದ ಅಂಕಣದಲ್ಲಿ, ವಾಣಿವಿಲಾಸ ಸಾಗರ 89 ವರ್ಷಗಳ ಮೇಲೆ ಕೋಡಿ ಬಿದ್ದಿತೆಂಬ ಬರಹ. 1933ರ ಮೊದಲ ಕೋಡಿಯನ್ನು ಮೇಷ್ಟ್ರು ಕಂಡವರಲ್ಲ, ತಂದೆಯ ಬಾಯಿಂದ ಕೇಳಿದ್ದರು. 2022ರದನ್ನು ಸ್ವತಃ ಹೋಗಿ ನೋಡಿ ಬಂದು ಬರೆದಿದ್ದರು. ಆ ಸಾಲಿನಲ್ಲಿ ಒಂದು ಅಕ್ಷರವೂ ಕೆಟ್ಟಿರಲಿಲ್ಲ.

ಯಂತ್ರ ನಿಂತುಹೋಗಿದ್ದ ದಿನಗಳ ಮಳೆಯನ್ನು ಅವರು ಗೋಡೆಯ ಕ್ಯಾಲೆಂಡರಿನ ಚೌಕಗಳಲ್ಲಿ ಸೀಸದಕಡ್ಡಿಯಿಂದ ಗುರುತು ಹಾಕಿದ್ದರು. ಅವೂ ಒಳಗೆ ಸೇರಿದುವು. ಮೊಮ್ಮಗಳು ಒಂದು ಹಾಳೆಯಲ್ಲಿ, ಮಳೆಲೆಕ್ಕ ನಡೆಯಬೇಕಾದರೆ ಯಂತ್ರದಲ್ಲಿ ಯಾವ ಯಾವ ಕಡತಗಳಿರಬೇಕು, ಯಾವ ಆವೃತ್ತಿ, ಎಷ್ಟು ಬಿಟ್, ಎಲ್ಲಿಂದ ತರಬೇಕು ಎಂಬುದನ್ನು ದುಂಡಾಗಿ ಬರೆದು ಮೇಜಿನ ಖಾನೆಯಲ್ಲಿಟ್ಟಳು. ಮೇಷ್ಟ್ರು ಅದರ ಜತೆಗೆ ಒಂದು ಹೊಸ ನೋಟ್‌ಬುಕ್ಕನ್ನು ತರಿಸಿದರು. ಅಂದಿನಿಂದ ಪ್ರತಿದಿನದ ಮಳೆಯನ್ನು ಅದರಲ್ಲಿಯೂ ಬರೆಯುತ್ತಿದ್ದಾರೆ. ಗೆದ್ದಲಿಗೆಂದು ನಾಲ್ಕು ನುಸಿಗುಳಿಗೆಗಳನ್ನೂ ಇಟ್ಟಿದ್ದಾರೆ.

2025ರ ಜನವರಿಯಲ್ಲಿ ವಾಣಿವಿಲಾಸ ಸಾಗರ ಮೂರನೆಯ ಬಾರಿಗೆ ಕೋಡಿ ಬಿದ್ದಿತು. ಹಿಂದಿನ ಮಳೆಗಾಲದ ನೀರಿನ ಜತೆಗೆ, ಮೇಲ್ದಂಡೆ ಯೋಜನೆಯ ಮೂಲಕ ಎತ್ತಿ ತಂದ ಭದ್ರಾ ನದಿಯ ನೀರೂ ಅದರಲ್ಲಿ ಸೇರಿತ್ತು. ಅಂದು ಬೆಳಿಗ್ಗೆ ಎಂಟೂವರೆಗೆ ಆದಿವಾಲದಲ್ಲಿ ಆಕಾಶ ತಿಳಿಯಾಗಿತ್ತು. ಮೇಷ್ಟ್ರು ಒಣಗಿದ ಮಳೆಮಾಪಕವನ್ನು ಪದ್ಧತಿಯಂತೆ ಎತ್ತಿ ನೋಡಿ, ಒಳಗೆ ಬಂದು ಯಂತ್ರವನ್ನು ತೆರೆದರು. ಮಳೆಯ ಅಂಕಣದಲ್ಲಿ ಸೊನ್ನೆ ಹಾಕಿದರು. ವಿಶೇಷದ ಅಂಕಣದಲ್ಲಿ, ಸಾಗರ ಕೋಡಿ, ಮೂರನೆಯ ಸಲ, ಭದ್ರೆಯ ನೀರೂ ಉಂಟು ಎಂದು ಬರೆದು, ಮೊಮ್ಮಗಳನ್ನು ಕೋಡಿ ನೋಡಲು ಕರೆದೊಯ್ಯುವುದಕ್ಕೆ ಬಸ್ಸಿನ ಹೊತ್ತು ವಿಚಾರಿಸತೊಡಗಿದರು.